ಒಡ್ಡಿನ ಕರಿ ಹುಳ: ನಿಮ್ಮ ಹೊಲದ ರಾತ್ರಿ ಪಾಳಿ ಕಾವಲುಗಾರ



ಕಳೆದ ಹಿಂಗಾರಿಯ ಮಾತು. ಕಡಲೆ ಹುಟ್ಟಿ ಇನ್ನೂ ಹದಿನೈದು ದಿನ ಆಗಿರಲಿಲ್ಲ. ಮುಂಜಾನೆ ಚಹಾ ಕುಡಿಯುತ್ತಾ ಕೂತಿದ್ದೆ, ನಮ್ಮ ಕಾಕಾನ ಮಗ ವಾಟ್ಸ್ಆ್ಯಪ್‌ನಲ್ಲಿ ಒಂದು ಫೋಟೋ ಕಳಿಸಿದ. ನೆಲಕ್ಕೆ ಸಮನಾಗಿ ಕತ್ತರಿಸಿ ಬಿದ್ದ ಕಡಲೆ ಸಸಿ, ಅದರ ಪಕ್ಕದಲ್ಲೇ ಹೆಂಟೆ ಸಂದಿಯಲ್ಲಿ ಒಂದು ಮಿರಿ ಮಿರಿ ಮಿಂಚುವ ಕರಿ ಹುಳ. ಕೆಳಗೆ ಬರೆದಿದ್ದ: "ಅಣ್ಣಾ, ಕಳ್ಳ ಸಿಕ್ಕಾನ. ಪುಡಿ ತರಾಕ ಹೊಂಟೇನಿ. ಎರಡ ಎಕರೆಕ್ಕ ಎಷ್ಟ ಬೇಕಾಕ್ಕೈತಿ?"

ನಾನು ತಕ್ಷಣ ಫೋನ್ ಮಾಡಿದೆ. "ತಡಿ ತಮ್ಮಾ. ಇವತ್ತ ರಾತ್ರಿ ಬರ್ತೀನಿ. ಅಲ್ಲೀತನಕ ಏನೂ ಹಾಕಬ್ಯಾಡ" ಅಂದೆ.

ರಾತ್ರಿ ಒಂಬತ್ತಕ್ಕೆ ಸತ್ತೂರಿನ ಆ ಎರಿ ಹೊಲಕ್ಕೆ ಇಬ್ಬರೂ ಹೋದೆವು. ಹೊಸದಾಗಿ ಕತ್ತರಿಸಿದ ಒಂದು ಸಸಿಯ ಬುಡವನ್ನು ಕಡ್ಡಿಯಿಂದ ಮೆಲ್ಲಗೆ ಕೆದರಿದೆ. ಎರಡು ಬೆರಳು ಆಳದಲ್ಲಿ ಬೂದುಗಪ್ಪು ಬಣ್ಣದ, ಎಣ್ಣೆ ಸವರಿದ ಹಾಗೆ ಹೊಳೆಯುವ ಒಂದು ಕೀಡೆ ಸುರುಳಿ ಸುತ್ತಿಕೊಂಡು ಮಲಗಿತ್ತು. ಇದೇ ಕತ್ತರಿ ಹುಳು. ಇನ್ನು ಸ್ವಲ್ಪ ಮುಂದೆ ಹೋಗಿ ಬ್ಯಾಟರಿ ಬಿಟ್ಟರೆ, ಮುಂಜಾನೆ ಫೋಟೋದಲ್ಲಿದ್ದಂಥದ್ದೇ ಕರಿ ಹುಳ ಇಂಥದ್ದೇ ಒಂದು ಕೀಡೆಯನ್ನು ಬಾಯಲ್ಲಿ ಹಿಡಿದು ಹಿಂದಕ್ಕೆ ಎಳೆಯುತ್ತಿತ್ತು.

"ನೋಡು, ನೀ ಫೋಟೋ ಹೊಡದದ್ದು ಕಳ್ಳಂದಲ್ಲ. ಕಳ್ಳನ್ನ ಹಿಡಿಯಾಕ ಬಂದ ಪೊಲೀಸಂದು" ಅಂದೆ.

ಅವನು ನಗಲಿಲ್ಲ. "ಹಂಗಾದ್ರ ನಾ ಇಷ್ಟ ವರ್ಷ ಎಷ್ಟ ಪೊಲೀಸರನ್ನ ಕೊಂದೇನಿ?" ಅಂತ ಕೇಳಿದ. ಈ ವಾರದ ಪಾಠ ಆ ಪ್ರಶ್ನೆಯಿಂದಲೇ ಹುಟ್ಟಿದ್ದು.

ಈ ಹುಳ ಯಾವುದು?

ಇಂಗ್ಲಿಷಿನವರು ಇದನ್ನು ಗ್ರೌಂಡ್ ಬೀಟಲ್ ಅನ್ನುತ್ತಾರೆ. ಕ್ಯಾರಾಬಿಡೆ ಎಂಬ ಕುಟುಂಬಕ್ಕೆ ಸೇರಿದ್ದು. ನಾವು ಇಲ್ಲಿ ನೆಲದುಂಬಿ ಅಂತ ಕರೆಯೋಣ. ಜಗತ್ತಿನಲ್ಲಿ ಸುಮಾರು 40,000 ಜಾತಿಯ ನೆಲದುಂಬಿಗಳಿವೆ. ಕೆಲವು ಇರುವೆಯಷ್ಟು ಸಣ್ಣವು, ಕೆಲವು ಹೆಬ್ಬೆರಳಿನಷ್ಟು ದೊಡ್ಡವು. ಹೆಚ್ಚಿನವು ಹಗಲು ಹೆಂಟೆ, ಕಲ್ಲು, ಹುಲ್ಲಿನ ಬುಡ, ಎರಿ ನೆಲದ ಬಿರುಕಿನಲ್ಲಿ ಅಡಗಿ, ರಾತ್ರಿ ಬೇಟೆಗೆ ಹೊರಡುತ್ತವೆ. ಅದಕ್ಕೇ ನಮ್ಮ ಕಣ್ಣಿಗೆ ಇವು ಬೀಳುವುದು ಕಡಿಮೆ, ಬಿದ್ದಾಗ ತಪ್ಪು ತಿಳಿಯುವುದು ಹೆಚ್ಚು.

ಗುರುತು ಹಿಡಿಯುವುದು ಹೀಗೆ:

- ಕಾಲು ಉದ್ದ, ಓಟ ಜೋರು. ಹೆಂಟೆ ಎತ್ತಿದ ಕೂಡಲೇ ಬಾಣ ಬಿಟ್ಟ ಹಾಗೆ ಓಡುತ್ತದೆ.
- ಮೀಸೆ ದಾರದ ಹಾಗೆ ಉದ್ದ, ತೆಳು. ತುದಿಯಲ್ಲಿ ಗುಂಡಿ ಇರುವುದಿಲ್ಲ.
- ಬಾಯಿಯ ಇಕ್ಕಳ ಮುಂದಕ್ಕೆ ಚಾಚಿರುತ್ತದೆ.
- ಮೈ ಚಪ್ಪಟೆ. ಬೆನ್ನಿನ ಗಟ್ಟಿ ರೆಕ್ಕೆಗಳ ಮೇಲೆ ಕೂರಿಗೆ ಸಾಲಿನಂತೆ ಉದ್ದುದ್ದ ಗೆರೆಗಳು ಹೆಚ್ಚಿನವಕ್ಕೆ ಇರುತ್ತವೆ.

ಇದನ್ನು ಮೂರು ಹುಳಗಳ ಜೊತೆ ಗೊಂದಲ ಮಾಡಿಕೊಳ್ಳಬೇಡಿ. ಸಗಣಿ ಹುಳ ಗುಂಡಗೆ, ದಪ್ಪಗೆ ಇರುತ್ತದೆ; ಅದರ ಮುಂಗಾಲು ಅಗೆಯುವ ಸಲಿಕೆಯಂತೆ ಅಗಲ. ಗೊಣ್ಣೆ ಹುಳುವಿನ ತಾಯಿದುಂಬಿ ಕಂದು ಬಣ್ಣದ್ದು, ಮೊದಲ ಮಳೆಗೆ ಎದ್ದು ಬೇವು, ಜಾಲಿ ಗಿಡಕ್ಕೆ ಮುತ್ತುತ್ತದೆ. ಇನ್ನೊಂದು ಮಣ್ಣಿನ ಬಣ್ಣದ, ನಿಧಾನಕ್ಕೆ ನಡೆಯುವ ದುಂಬಿ ಇದೆ. ಮೈಮೇಲೆ ಧೂಳು ಮೆತ್ತಿಕೊಂಡೇ ಇರುತ್ತದೆ. ಇದು ಎಳೆ ಸಸಿ ಕಡಿಯುವುದುಂಟು. ಹೊಳೆಯುವ ಮೈ, ಜೋರು ಓಟ, ಉದ್ದ ಕಾಲು ಈ ಮೂರೂ ಕೂಡಿದ್ದರೆ ಬಹುಮಟ್ಟಿಗೆ ನಮ್ಮ ನೆಲದುಂಬಿಯೇ.

ಮರಿಯನ್ನೂ ಗುರುತಿಸಿರಿ

ನೆಲದುಂಬಿ ಮಣ್ಣಿನಲ್ಲಿ ಮೊಟ್ಟೆ ಇಡುತ್ತದೆ. ಮೊಟ್ಟೆಯಿಂದ ಬಂದ ಮರಿ ಸಾಮಾನ್ಯವಾಗಿ ಮೂರು ಹಂತದಲ್ಲಿ ಬೆಳೆದು, ಮಣ್ಣಿನೊಳಗೇ ಸಣ್ಣ ಗೂಡು ಮಾಡಿಕೊಂಡು ಕೋಶವಾಗಿ, ಆಮೇಲೆ ದುಂಬಿಯಾಗುತ್ತದೆ. ಅಂದರೆ ಇದರ ಬಾಲ್ಯವೆಲ್ಲ ನಮ್ಮ ಕುಂಟಿ ಹಾಯುವ ಮಣ್ಣಿನೊಳಗೇ ನಡೆಯುತ್ತದೆ.

ಹರಗುವಾಗ ಮಣ್ಣಲ್ಲಿ ಕಂಡ ಮರಿಗಳನ್ನೆಲ್ಲ ಗೊಣ್ಣೆ ಹುಳು ಅಂತ ಕೊಲ್ಲುವವರಿದ್ದಾರೆ. ವ್ಯತ್ಯಾಸ ಸುಲಭ. ಗೊಣ್ಣೆ ಹುಳು ಬೆಳ್ಳಗೆ, ದಪ್ಪಗೆ, ಕುಡುಗೋಲಿನ ಹಾಗೆ ಬಾಗಿ ಮಲಗಿರುತ್ತದೆ. ನೆಲದುಂಬಿಯ ಮರಿ ಉದ್ದ, ತೆಳು, ಚಪ್ಪಟೆ. ತಲೆ ಕಂದು ಇಲ್ಲವೇ ಕಪ್ಪು. ಆರು ಕಾಲಿನ ಮೇಲೆ ಸರಸರ ಓಡುತ್ತದೆ. ಹಿಂದುಗಡೆ ಎರಡು ಸಣ್ಣ ಕೊಂಬಿನಂಥ ಬಾಲಗಳಿರುತ್ತವೆ. ಬಾಗಿ ಬಿದ್ದದ್ದು ಬೇರು ತಿನ್ನುವುದು, ಓಡುವುದು ಬೇಟೆಯಾಡುವುದು. ಇಷ್ಟು ನೆನಪಿಟ್ಟುಕೊಂಡರೆ ಸಾಕು.

ಏನು ತಿನ್ನುತ್ತದೆ?

ಹೆಚ್ಚಿನ ಜಾತಿಗಳು ಮಾಂಸಾಹಾರಿ. ಕತ್ತರಿ ಹುಳು, ಎಲೆ ತಿನ್ನುವ ಕೀಡೆ, ಮಣ್ಣಿನಲ್ಲಿರುವ ಮೊಟ್ಟೆ ಮತ್ತು ಕೋಶ, ನೆಲಕ್ಕೆ ಬಿದ್ದ ಹೇನು, ಸಣ್ಣ ಬಸವನಹುಳು, ಗೆದ್ದಲು ಹೀಗೆ ಸಿಕ್ಕಿದ್ದನ್ನು ತಿನ್ನುತ್ತವೆ. ಕೆಲವು ಜಾತಿಗಳು ಕಸದ ಬೀಜ ತಿಂದು ಮುಂದಿನ ವರ್ಷದ ಕಳೆ ತಗ್ಗಿಸುತ್ತವೆ. ಹಲವು ಜಾತಿಯ ದುಂಬಿ ದಿನಕ್ಕೆ ತನ್ನ ಮೈ ತೂಕದಷ್ಟು ಆಹಾರ ತಿನ್ನಬಲ್ಲದು.

ನಮಗೆ ಮುಖ್ಯವಾದ ಮಾತು ಬೇರೆ ಇದೆ. ಕಡಲೆಯ ಕಾಯಿ ಕೊರಕ ಗಿಡದ ಮೇಲೆ ತಿನ್ನುತ್ತದೆ, ಆದರೆ ಕೋಶವಾಗಲು ಮಣ್ಣಿಗೆ ಇಳಿಯುತ್ತದೆ. ಸೋಯಾ ಎಲೆ ತಿನ್ನುವ ಸ್ಪೊಡಾಪ್ಟೆರಾ ಕೀಡೆಯೂ ಹಾಗೆಯೇ. 2018ರಲ್ಲಿ ದೇಶದಲ್ಲೇ ಮೊದಲು ನಮ್ಮ ಶಿವಮೊಗ್ಗದ ಮೆಕ್ಕೆಜೋಳದಲ್ಲಿ ಪತ್ತೆಯಾದ ಫಾಲ್ ಸೈನಿಕ ಹುಳುವೂ ಹೆಚ್ಚಾಗಿ ಮಣ್ಣಲ್ಲೇ ಕೋಶವಾಗುತ್ತದೆ. ನಾವು ಎಣ್ಣಿ ಹೊಡೆಯುವುದು ಎಲೆ ಮೇಲೆ. ನೆಲಕ್ಕಿಳಿದ ಮೇಲೆ ಅದು ನಮ್ಮ ಕೈಗೆ ಸಿಗುವುದಿಲ್ಲ. ಅಲ್ಲಿಂದ ಮುಂದಿನ ಪಾಳಿ ನೆಲದುಂಬಿಯದು.

ಎರಡು ಹುಳಗಳಿಗೆ ಕೈ ಹಚ್ಚಬೇಡಿ

ಹಳದಿ-ಕಪ್ಪು ಬಣ್ಣದ ಒಂದು ನೆಲದುಂಬಿ ಇದೆ, ಬೊಂಬಾರ್ಡಿಯರ್ ಬೀಟಲ್ ಅನ್ನುತ್ತಾರೆ. ಹಿಡಿದರೆ "ಚಟ್" ಅಂತ ಸದ್ದಾಗಿ ಹಿಂದಿನಿಂದ ಹೊಗೆಯಂಥದ್ದು ಚಿಮ್ಮುತ್ತದೆ. ಹೊಟ್ಟೆಯೊಳಗೆ ಎರಡು ಬಗೆಯ ರಸಾಯನ ಬೇರೆ ಬೇರೆ ಇಟ್ಟುಕೊಂಡು, ಹೆದರಿದಾಗ ಎರಡನ್ನೂ ಕೂಡಿಸಿ ನೂರು ಡಿಗ್ರಿಯ ಹತ್ತಿರದ ಬಿಸಿಯಲ್ಲಿ ಹಾರಿಸುತ್ತದೆ. ಬೆರಳಿಗೆ ಕಂದು ಕಲೆ ಆಗಿ ಉರಿಯುತ್ತದೆ. ಸಣ್ಣವನಿದ್ದಾಗ ಇದನ್ನು ಹಿಡಿದು ಅತ್ತಿದ್ದೆ. ಅಜ್ಜ ನಕ್ಕು, "ಅದು ಪಟಾಕ್ಷಿ ಹುಳ ಅಪ್ಪಿ, ಅದರ ಪಾಡಿಗೆ ಅದನ್ನ ಬಿಡು" ಅಂದಿದ್ದ.

ಇನ್ನೊಂದು ದಕ್ಷಿಣ ಭಾರತದ ಒಣ ಸೀಮೆಯ ದೊಡ್ಡ ಕರಿ ದುಂಬಿ, ಮೈಮೇಲೆ ಆರು ಬಿಳಿ ಚುಕ್ಕೆ. ಆಂಥಿಯಾ ಅಂತ ಅದರ ಹೆಸರು. ಕೆಣಕಿದರೆ ಫಾರ್ಮಿಕ್ ಆಮ್ಲ ಚಿಮ್ಮುತ್ತದೆ. ಕಣ್ಣಿಗೆ ಬಿದ್ದರೆ ಬಹಳ ತ್ರಾಸು. ಹಾಗಾಗಿ ಫೋಟೋ ಹೊಡೆಯಲು ಮುಖ ಹತ್ತಿರ ಒಯ್ಯಬೇಡಿ, ಕ್ಯಾಮೆರಾ ಝೂಮ್ ಮಾಡಿರಿ.

ಶತ್ರು ಹಾರಿ ಬರ್ತಾನ, ಕಾವಲುಗಾರ ನಡಕೊಂಡು ಬರ್ತಾನ

ಇಡೀ ಪಾಠದಲ್ಲಿ ಒಂದೇ ಮಾತು ನೆನಪಿಡುವುದಾದರೆ ಇದನ್ನು ಇಡಿ.

ಸೈನಿಕ ಹುಳುವಿನ ಪತಂಗ ಒಂದು ರಾತ್ರಿಯಲ್ಲಿ 100 ಕಿಲೋಮೀಟರ್‌ವರೆಗೆ ಹಾರಬಲ್ಲದು. ಕಾಯಿ ಕೊರಕದ ಪತಂಗವೂ, ಕತ್ತರಿ ಹುಳುವಿನ ಪತಂಗವೂ ದೂರ ಹಾರುವಂಥವೇ. ನೆಲದುಂಬಿಗಳಲ್ಲಿ ಹಾರುವವು ಇವೆ, ಆದರೆ ಬಹಳಷ್ಟು ಹಾರುವುದು ಅಪರೂಪ, ಓಡಾಟವೆಲ್ಲ ಕಾಲ ಮೇಲೆ. ಆಂಥಿಯಾದಂಥವಕ್ಕೆ ಬೆನ್ನಿನ ರೆಕ್ಕೆಗಳು ಅಂಟಿಕೊಂಡೇ ಇರುತ್ತವೆ, ಹಾರಲು ಬರುವುದೇ ಇಲ್ಲ. ಮೇಲಾಗಿ ಪತಂಗ ವರ್ಷಕ್ಕೆ ಹಲವು ಪೀಳಿಗೆ ಮಾಡಿದರೆ, ನೆಲದುಂಬಿಯ ಅನೇಕ ಜಾತಿಗಳು ವರ್ಷಕ್ಕೆ ಒಂದೇ ಪೀಳಿಗೆ ಮಾಡುತ್ತವೆ.

ಈಗ ಲೆಕ್ಕ ಹಾಕಿರಿ. ಹೊಲಕ್ಕೆಲ್ಲ ಪುಡಿ ಎರಚಿದಿರಿ, ಎರಡೂ ಸತ್ತವು. ಪತಂಗ ಮುಂದಿನ ವಾರವೇ ಎಲ್ಲಿಂದಲೋ ಹಾರಿ ಬಂದು ಮೊಟ್ಟೆ ಇಟ್ಟೀತು. ಕಾವಲುಗಾರ ಮಾತ್ರ ಒಡ್ಡಿನಿಂದ ನಡೆದುಕೊಂಡೇ ಬರಬೇಕು. ಒಡ್ಡಿನಲ್ಲೂ ಇಲ್ಲದಿದ್ದರೆ? ಪಕ್ಕದವನ ಹೊಲದಿಂದ. ಅಲ್ಲೂ ಇಲ್ಲದಿದ್ದರೆ ಬರುವವರು ಯಾರು?

ನಾನು ಮಾಡಿದ ತಪ್ಪು

ಐದಾರು ವರ್ಷದ ಹಿಂದೆ ನನಗೆ ಹೊಲ "ಕ್ಲೀನ್" ಕಾಣಬೇಕು ಅನ್ನುವ ಹುಚ್ಚಿತ್ತು. ಒಡ್ಡಿನ ಕರಿಕಿ, ಹುಲ್ಲು ಎಲ್ಲಕ್ಕೂ ಕಳೆನಾಶಕ ಹೊಡೆದೆ. ಬೇಸಿಗೆಯಲ್ಲಿ ಉಳಿದದ್ದಕ್ಕೆ ಬೆಂಕಿ ಹಚ್ಚಿದೆ. ಒಡ್ಡನ್ನೂ ಎರಡೂ ಕಡೆಯಿಂದ ಕೆತ್ತಿ ಒಂದೊಂದು ಸಾಲು ಹೆಚ್ಚು ಬಿತ್ತಿದೆ. ಫೋಟೋ ತೆಗೆದು ಸ್ಟೇಟಸ್ಸಿಗೂ ಹಾಕಿದ್ದೆ. ಅಪ್ಪ ಮಾತ್ರ, "ಒಡ್ಡ ಅಂದ್ರ ಹೊಲದ ಮೈಮ್ಯಾಲಿನ ಅರಬಿ ಇದ್ದಂಗಲೇ. ಬತ್ತಲೆ ಮಾಡಿದಿ" ಅಂದ. ನಾನು ಕಿವಿಗೆ ಹಾಕಿಕೊಳ್ಳಲಿಲ್ಲ.

ಮುಂದಿನ ಎರಡು ಹಿಂಗಾರಿ ಕತ್ತರಿ ಹುಳು ಜಾಸ್ತಿಯಾಯಿತು. ಒಡ್ಡು ಸುಟ್ಟದ್ದೊಂದೇ ಕಾರಣ ಅಂತ ನಾನು ಹೇಳುವುದಿಲ್ಲ. ಮಳೆ, ಹವಾಮಾನ, ಅಕ್ಕಪಕ್ಕದ ಬೆಳೆ ಎಲ್ಲ ಸೇರಿರುತ್ತದೆ. ಆದರೆ ಕಪ್ಪು ಹುಗಿದು ನೋಡಿದಾಗ ಸುಟ್ಟ ಒಡ್ಡಿನ ಕಡೆ ನೆಲದುಂಬಿ ಸಿಗಲೇ ಇಲ್ಲ. ಕೆಳಗಿನ ಹೊಲದ ಕಾಕಾನ ಹಳೇ ಒಡ್ಡಿನ ಹತ್ತಿರ ಪ್ರತಿ ಕಪ್ಪಿನಲ್ಲೂ ಇದ್ದವು.

ಹೊರದೇಶದ ಎರಡು ಪಾಠ

ಇಂಗ್ಲೆಂಡಿನಲ್ಲಿ ಬದು ಬೇಲಿ ಕಿತ್ತು ದೊಡ್ಡ ದೊಡ್ಡ ಹೊಲ ಮಾಡಿದ ಮೇಲೆ ನಡುಹೊಲಕ್ಕೆ ಈ ದುಂಬಿಗಳು ತಲುಪುವುದು ಕಡಿಮೆಯಾಯಿತು. ಆಗ ಸಂಶೋಧಕರು ಹೊಲದ ನಡುವೆ ಮಣ್ಣು ಏರಿಸಿ, ಪೊದೆಗಟ್ಟುವ ಹುಲ್ಲು ಬಿತ್ತಿ ನೋಡಿದರು. 1991ರಲ್ಲಿ ಪ್ರಕಟವಾದ ಆ ಅಧ್ಯಯನದ ಪ್ರಕಾರ ಎರಡನೇ ಚಳಿಗಾಲದ ಹೊತ್ತಿಗೆ ಒಂದು ಚದರ ಮೀಟರ್ ಹುಲ್ಲಿನಲ್ಲಿ 1000ಕ್ಕೂ ಹೆಚ್ಚು ನೆಲದುಂಬಿ, ಜೇಡ ಮುಂತಾದ ಬೇಟೆಗಾರ ಜೀವಿಗಳು ಸಿಕ್ಕವು. ಅವರು ಅದಕ್ಕೆ "ಬೀಟಲ್ ಬ್ಯಾಂಕ್" ಅಂತ ಹೆಸರಿಟ್ಟರು. ಅಲ್ಲಿ ಚಳಿಯಿಂದ ಕಾಯುವುದು, ಇಲ್ಲಿ ಬಿಸಿಲಿನಿಂದ. ಅವರು ಖರ್ಚು ಮಾಡಿ ಕಟ್ಟಿಕೊಂಡದ್ದನ್ನು ನಮ್ಮ ಅಜ್ಜಂದಿರು ಮಣ್ಣು-ನೀರು ಉಳಿಸಲು ಎಂದೋ ಕಟ್ಟಿ ಹೋಗಿದ್ದಾರೆ. ಅದನ್ನು ನಾವು ಕೆತ್ತುತ್ತಿದ್ದೇವೆ.

ಎರಡನೆಯದು ಅಮೆರಿಕದ ಪೆನ್ಸಿಲ್ವೇನಿಯಾದ್ದು, ನಮ್ಮ ಸೋಯಾ ರೈತರು ಕಿವಿಗೊಟ್ಟು ಕೇಳಬೇಕಾದದ್ದು. 2015ರಲ್ಲಿ ಪ್ರಕಟವಾದ ಅಧ್ಯಯನ. ಸೋಯಾ ಬೀಜಕ್ಕೆ ಥಯಾಮೆಥಾಕ್ಸಾಮ್ ಲೇಪಿಸಿ ಬಿತ್ತಿದರು. ಸಸಿ ತಿಂದ ಸ್ಲಗ್, ಅಂದರೆ ಚಿಪ್ಪಿಲ್ಲದ ಬಸವನಹುಳುವಿಗೆ ಏನೂ ಆಗಲಿಲ್ಲ. ಆದರೆ ಆ ಸ್ಲಗ್ ತಿಂದ ನೆಲದುಂಬಿಗಳಲ್ಲಿ 60 ಪ್ರತಿಶತಕ್ಕೂ ಹೆಚ್ಚು ಸತ್ತವು ಇಲ್ಲವೇ ಕೈಕಾಲು ಬಿದ್ದು ಹೋದವು. ಕಾವಲುಗಾರ ಕಡಿಮೆಯಾದ, ಸ್ಲಗ್ ಹೆಚ್ಚಾಯಿತು. ಕೊನೆಗೆ ಆ ಹೊಲದಲ್ಲಿ ಸಸಿಗಳ ಸಂಖ್ಯೆ 19 ಪ್ರತಿಶತ, ಇಳುವರಿ 5 ಪ್ರತಿಶತ ಇಳಿಯಿತು. ದುಡ್ಡು ಕೊಟ್ಟು ಹಾಕಿದ ಔಷಧವೇ ಇಳುವರಿ ಕಡಿಮೆ ಮಾಡಿತು.

ಇದರರ್ಥ ಬೀಜೋಪಚಾರ ಬಿಡಿ ಅಂತಲ್ಲ. ರೈಜೋಬಿಯಂ, ಟ್ರೈಕೋಡರ್ಮಾ ಉಪಚಾರ ತಪ್ಪದೇ ಮಾಡಿರಿ. ಕೀಟನಾಶಕದ ಲೇಪನ ಮಾತ್ರ ನಿಮ್ಮ ಹೊಲದಲ್ಲಿ ಆ ಕೀಟದ ಕಾಟ ನಿಜವಾಗಿಯೂ ಇದ್ದರೆ ಅಷ್ಟೇ. ಶಂಖದಹುಳು, ಸ್ಲಗ್ ಕಾಟ ಇರುವ ಹೊಲದಲ್ಲಂತೂ ಎರಡು ಸಲ ಯೋಚಿಸಿರಿ.

ನಿಮ್ಮ ಹೊಲದಲ್ಲಿ ಎಷ್ಟಿವೆ? ಕಪ್ಪು ಹುಗಿದು ನೋಡಿರಿ

ಇದಕ್ಕೆ ಪಿಟ್‌ಫಾಲ್ ಟ್ರ್ಯಾಪ್ ಅನ್ನುತ್ತಾರೆ. ಜ್ಯೂಸ್ ಕುಡಿದು ಬಿಸಾಡುವ ಪ್ಲಾಸ್ಟಿಕ್ ಕಪ್ಪು ಹತ್ತು ಇದ್ದರೆ ಸಾಕು.

1. ಕಪ್ಪಿನ ತಳಕ್ಕೆ ಸೂಜಿಯಿಂದ ನಾಲ್ಕು ತೂತು ಹಾಕಿರಿ, ಮಳೆ ನೀರು ಇಳಿದು ಹೋಗಲಿ.
2. ಸಂಜೆ ಹೊತ್ತು, ಐದು ಕಪ್ಪು ಒಡ್ಡಿನ ಬುಡದಲ್ಲಿ, ಐದು ನಡುಹೊಲದಲ್ಲಿ ಹುಗಿಯಿರಿ. ಕಪ್ಪಿನ ಅಂಚು ನೆಲಕ್ಕೆ ಸರಿ ಸಮ ಇರಬೇಕು. ಎರಿ ಮಣ್ಣು ಒಣಗಿದರೆ ಕಪ್ಪಿನ ಸುತ್ತ ಸಂದಿ ಬಿಡುತ್ತದೆ, ಹುಳ ಆ ಸಂದಿಗೇ ಇಳಿದು ಹೋಗುತ್ತದೆ. ಸುತ್ತ ಪುಡಿ ಮಣ್ಣು ಒತ್ತಿರಿ.
3. ಒಳಗೆ ನೀರು, ಎಣ್ಣೆ ಏನೂ ಬೇಡ. ಎರಡು ಒಣ ಎಲೆ ಹಾಕಿರಿ, ಅಡಗಲಿಕ್ಕೆ ಜಾಗ ಸಿಗುತ್ತದೆ.
4. ಮೂರು ಸಣ್ಣ ಕಲ್ಲಿನ ಮೇಲೆ ಒಂದು ಹಂಚಿನ ತುಂಡು ಇಟ್ಟು ಮುಚ್ಚಿರಿ.
5. ಮುಂಜಾನೆ ಬಿಸಿಲೇರುವ ಮೊದಲು ನೋಡಿ, ಎಣಿಸಿ, ಫೋಟೋ ಹೊಡೆದು, ಹುಳಗಳನ್ನು ಒಡ್ಡಿನ ಹುಲ್ಲಿನಲ್ಲೇ ಬಿಡಿರಿ. ಕೈ ಬೇಡ, ಕಪ್ಪು ಬೋರಲು ಹಾಕಿದರೆ ಸಾಕು.

ಮೂರು ರಾತ್ರಿ ಹೀಗೆ ಮಾಡಿರಿ. ಒಂದು ಎಚ್ಚರಿಕೆ: ಜಾಸ್ತಿ ಓಡಾಡುವ ಹುಳ ಜಾಸ್ತಿ ಬೀಳುತ್ತದೆ, ಹಾಗಾಗಿ ಇದು ಖಚಿತ ಜನಗಣತಿ ಅಲ್ಲ. ಆದರೆ ಒಡ್ಡು ಮತ್ತು ನಡುಹೊಲ, ಈ ವರ್ಷ ಮತ್ತು ಮುಂದಿನ ವರ್ಷ, ಹೋಲಿಸಿ ನೋಡಲು ಇದಕ್ಕಿಂತ ಅಗ್ಗದ ದಾರಿ ಇಲ್ಲ. ಮಳೆಗಾಲದಲ್ಲಿ ಓಡಾಟ ಹೆಚ್ಚು. ಬೇಸಿಗೆಯಲ್ಲಿ ಕಪ್ಪು ಖಾಲಿ ಇದ್ದರೆ ಹುಳ ಸತ್ತವು ಅಂತಲ್ಲ, ಬಿರುಕಿನ ಆಳಕ್ಕೆ ಇಳಿದಿರಬಹುದು.

ಕಾವಲುಗಾರನನ್ನು ಉಳಿಸಿಕೊಳ್ಳುವುದು ಹೇಗೆ?

- ಒಡ್ಡನ್ನು ಕೆತ್ತಬೇಡಿ, ಸುಡಬೇಡಿ. ಹುಲ್ಲು ಎತ್ತರವಾದರೆ ಕೊಯ್ದು ದನಕ್ಕೆ ಹಾಕಿರಿ, ಬುಡ ಒಂದು ಗೇಣು ಉಳಿಯಲಿ. ಎಲ್ಲ ಒಡ್ಡು ಒಂದೇ ಸಲ ಕೊಯ್ಯದೆ ಅರ್ಧ ಈಗ, ಅರ್ಧ ತಿಂಗಳ ಮೇಲೆ.
- ಬೀಜ ಕಟ್ಟುವ ಕಸ ಒಡ್ಡಿನಲ್ಲಿದ್ದರೆ ಅದನ್ನಷ್ಟೇ ಹೂವಾಗುವ ಮೊದಲು ಕಿತ್ತು ತೆಗೆಯಿರಿ. ಕಳೆನಾಶಕದ ಪಂಪು ಒಡ್ಡಿನ ಮೇಲೆ ಏರುವುದು ಬೇಡ.
- ಮಾಗಿ ಉಳುಮೆ ಮಾಡಿದರೆ ಕೀಟದ ಕೋಶ ಬಿಸಿಲಿಗೆ ಬಿದ್ದು ಸಾಯುತ್ತವೆ, ಹಕ್ಕಿ ತಿನ್ನುತ್ತವೆ. ಒಳ್ಳೆಯದೇ. ಆದರೆ ಅದರ ಜೊತೆ ನೆಲದುಂಬಿಯ ಮರಿಯೂ ಸಾಯುತ್ತದೆ. ಹಾಗಾಗಿ ಹೊಲ ಉತ್ತ ವರ್ಷ ಒಡ್ಡು ಇನ್ನೂ ಹೆಚ್ಚು ಮುಖ್ಯ, ಉಳಿದವು ವಾಪಸು ಬರುವುದು ಅಲ್ಲಿಂದಲೇ.
- ಇಡೀ ಹೊಲಕ್ಕೆ ಪುಡಿ ಎರಚುವುದು, ಕ್ಲೋರೋಪೈರಿಫಾಸ್‌ನಂಥ ಔಷಧವನ್ನು ನೆಲಕ್ಕೆಲ್ಲ ಸುರಿಯುವುದು ಕೊನೆಯ ದಾರಿ. ಅವಕ್ಕೆ ಕಳ್ಳ-ಪೊಲೀಸ ಭೇದ ಗೊತ್ತಿಲ್ಲ. ಕಾಟ ಇರುವ ತುಣುಕಿಗಷ್ಟೇ ಉಪಚಾರ ಮಾಡಿರಿ.
- ಸೋಯಾ, ಶೇಂಗಾದಲ್ಲಿ ಎಲೆ ತಿನ್ನುವ ಕೀಡೆಗೆ ನೊಮುರಿಯಾ ರಿಲೇ ಎಂಬ ಶಿಲೀಂಧ್ರ ಇದೆ. ಧಾರವಾಡದ ಕೃಷಿ ವಿಶ್ವವಿದ್ಯಾಲಯ ಇದರ ಮೇಲೆ ಬಹಳ ಕೆಲಸ ಮಾಡಿದೆ. ಇದು ಕೀಡೆಗೆ ರೋಗ ತರುತ್ತದೆ, ದುಂಬಿಯನ್ನು ಬಿಡುತ್ತದೆ. ಮೋಡ, ತಂಪು, ತೇವ ಇದ್ದಾಗ ಸಂಜೆ ಹೊತ್ತು ಸಿಂಪಡಿಸಿದರೆ ಚೆನ್ನಾಗಿ ಹತ್ತುತ್ತದೆ.

ಕಡಲೆ ಹೊಲದಲ್ಲಿ ನಾವು ಮಾಡಿದ್ದು

ಆ ರಾತ್ರಿ ಆದ ಮೇಲೆ ತಮ್ಮ ಪುಡಿ ತರಲಿಲ್ಲ. ಮರುದಿನ ಸಂಜೆ ಸಾಲುಗಳ ನಡುವೆ ಅಲ್ಲಲ್ಲಿ ಹಸಿ ಹುಲ್ಲಿನ ಸಣ್ಣ ಸಣ್ಣ ಗುಂಪಿ ಇಟ್ಟೆವು. ಇದು ಹಳೇ ಉಪಾಯ. ರಾತ್ರಿ ತಿಂದ ಕತ್ತರಿ ಹುಳು ಬೆಳಗಾಗುವ ಹೊತ್ತಿಗೆ ಆ ತಂಪಿನಲ್ಲಿ ಅಡಗುತ್ತದೆ. ಮುಂಜಾನೆ ಗುಂಪಿ ಎತ್ತಿ ಕೀಡೆ ಆರಿಸಿ ಸೋಪಿನ ನೀರಿಗೆ ಹಾಕಿದೆವು. ಅದೇ ಗುಂಪಿಯಲ್ಲಿ ನೆಲದುಂಬಿಯೂ ಅಡಗಿರುತ್ತದೆ, ಅದನ್ನು ಬಿಟ್ಟೆವು. ಒಂದು ವಾರ ಹೀಗೆ ನಡೆಯಿತು. ಸಸಿ ಹೋದ ಕಡೆ ನೆನೆಸಿದ ಬೀಜ ಊರಿದೆವು.

ಪೂರ್ತಿ ಲಾಭ ಆಯಿತು ಅಂತ ಹೇಳಲಾರೆ. ಅಲ್ಲಲ್ಲಿ ಬೋಳು ತೇಪೆ ಉಳಿದವು, ಕೈಕೆಲಸ ಹೆಚ್ಚಾಯಿತು, ಕಾಕಾ ಎರಡು ಸಲ ಬೈದ. ಆದರೆ ಬೆಳೆ ನಿಂತಿತು, ಪುಡಿಯ ದುಡ್ಡು ಉಳಿಯಿತು, ಕಾವಲುಗಾರರೂ ಉಳಿದರು. ಕಾಟ ಮಿತಿ ಮೀರಿದ್ದರೆ ನಾವೂ ಔಷಧ ಹಾಕುತ್ತಿದ್ದೆವು. ನೆಲದುಂಬಿ ಪವಾಡ ಮಾಡುವುದಿಲ್ಲ. ಅದು ಸಣ್ಣ ಕಾಟವನ್ನು ದೊಡ್ಡದಾಗದಂತೆ ತಡೆಯುತ್ತದೆ, ಅಷ್ಟೇ. ಅಷ್ಟೇ ಬಹಳ. ನಿಮ್ಮ ಹೊಲದಲ್ಲಿ ಯಾವ ಹಂತಕ್ಕೆ ಔಷಧ ಬೇಕು ಅನ್ನುವುದನ್ನು ಹತ್ತಿರದ ಕೃಷಿ ವಿಜ್ಞಾನ ಕೇಂದ್ರದಲ್ಲಿ ಫೋಟೋ ತೋರಿಸಿ ಕೇಳಿರಿ.

ಸತ್ತೂರಿನ ಸುತ್ತ ಈಗ ಹೊಲಗಳಿಗಿಂತ ಲೇಔಟಿನ ಕಲ್ಲುಗಳು ಜಾಸ್ತಿ ಕಾಣುತ್ತಿವೆ. ಹುಬ್ಬಳ್ಳಿ-ಧಾರವಾಡ ಎರಡೂ ಕಡೆಯಿಂದ ಬೆಳೆದು ಬರುತ್ತಿವೆ. ಪಕ್ಕದ ಹೊಲ ಪ್ಲಾಟ್ ಆದರೆ ನಮ್ಮ ಹೊಲಕ್ಕೆ ನಡೆದು ಬರುವ ದಾರಿ ಈ ಹುಳಕ್ಕೆ ಮುಚ್ಚುತ್ತದೆ. ಅದನ್ನು ತಡೆಯುವುದು ನನ್ನ ಕೈಯಲ್ಲಿಲ್ಲ. ನನ್ನ ಒಡ್ಡು ಮಾತ್ರ ನನ್ನ ಕೈಯಲ್ಲಿದೆ. ಈಗ ಮೂರು ವರ್ಷದಿಂದ ಅದಕ್ಕೆ ಬೆಂಕಿ ಹಚ್ಚಿಲ್ಲ. ಕೆತ್ತಿದ ಕಡೆ ಮಣ್ಣು ಏರಿಸಿ ಕರಿಕಿ ಹಚ್ಚಿದ್ದೇನೆ. ಹೋದ ಮುಂಗಾರಿಯಲ್ಲಿ ಅಲ್ಲಿ ಹುಗಿದ ಐದು ಕಪ್ಪುಗಳ ಪೈಕಿ ಎರಡರಲ್ಲಿ ಕರಿ ಹುಳ ಇದ್ದವು. ಸ್ಟೇಟಸ್ಸಿಗೆ ಈ ಸಲ ಆ ಫೋಟೋ ಹಾಕಿದೆ.

ಈ ವಾರದ ಕೆಲಸ: ಹತ್ತು ಕಪ್ಪು ಹುಗಿಯಿರಿ, ಮೂರು ರಾತ್ರಿ ಎಣಿಸಿರಿ, ಲೆಕ್ಕ ಬರೆದಿಡಿರಿ. ಒಡ್ಡು ಹಂಚಿಕೊಂಡಿರುವ ಪಕ್ಕದ ಹೊಲದವರನ್ನೂ ಜೊತೆಗೆ ಕರೆಯಿರಿ. ಒಡ್ಡಿನ ಸಲುವಾಗಿ ಜಗಳ ಮಾಡುವವರು ಒಂದು ರಾತ್ರಿ ಅದೇ ಒಡ್ಡಿನ ಮೇಲೆ ಬ್ಯಾಟರಿ ಹಿಡಿದು ಕೂತರೆ ತಪ್ಪೇನಿಲ್ಲ.